ಲಿಂಕನ್ ಕೂಡ ಜೋಕ್ ಹೇಳ್ತಿದ್ದ, ಸರಿ. ಎಲ್ಲಿ, ಯಾರ ಮೇಲೆ?

2025ರ ಮಾರ್ಚ್‌ನಲ್ಲಿ ವೈಟ್ ಹೌಸ್‌ನ ಅಫಿಷಿಯಲ್ ಎಕ್ಸ್ ಅಕೌಂಟಲ್ಲಿ ಒಂದು ಚಿತ್ರ ಬಂತು. ಇಮಿಗ್ರೇಷನ್ ಅಧಿಕಾರಿಗಳು ಅರೆಸ್ಟ್ ಮಾಡಿದ ಹೆಂಗಸೊಬ್ಬಳು ಕೈಕೋಳ ಹಾಕಿಸ್ಕೊಂಡು ಅಳ್ತಿರೋದನ್ನ ಎಐ ಕೈಲಿ ಜಪಾನಿ ಕಾರ್ಟೂನ್ ಥರ ಮಾಡ್ಸಿ ಹಾಕಿದ್ರು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಜಿಮ್ಮಿ ಕಿಮ್ಮೆಲ್ ಅನ್ನೋ ಟೀವಿ ಕಾಮಿಡಿಯನ್ ಆಡಿದ ಮಾತಿಗೆ, ಟೀವಿ ಸ್ಟೇಷನ್‌ಗಳಿಗೆ ಲೈಸೆನ್ಸ್ ಕೊಡೋ ಎಫ್‌ಸಿಸಿಯ ಅಧ್ಯಕ್ಷರೇ ಬಹಿರಂಗವಾಗಿ ಎಚ್ಚರಿಕೆ ಕೊಟ್ರು, ಎಬಿಸಿ ಶೋನೇ ನಿಲ್ಲಿಸ್ತು, ಗಲಾಟೆ ಜೋರಾದ್ಮೇಲೆ ಒಂದು ವಾರದೊಳಗೆ ವಾಪಸ್ ತಂತು. ಇನ್ನೊಂದು ಕಡೆ ಉಕ್ರೇನ್‌ನ ಝೆಲೆನ್‌ಸ್ಕಿ ಇದಾರೆ, 2019ರಲ್ಲಿ ಗೆಲ್ಲೋ ಮುಂಚೆ ಅವರೇ ಟೀವಿ ಕಾಮಿಡಿಯನ್, ಪ್ರೆಸಿಡೆಂಟ್ ಆಗಿಬಿಡೋ ಮೇಷ್ಟ್ರ ಪಾತ್ರ ಮಾಡಿ ಹೆಸರು ಮಾಡಿದ್ದವರು, ಆಮೇಲೆ ನಿಜವಾದ ಯುದ್ಧ ನಡೆಸಬೇಕಾಗಿ ಬಂದವರು.

ಇದನ್ನೆಲ್ಲ ಒಟ್ಟಿಗೆ ಓದಿದ್ರೆ ತಲೆ ಕೆಡೋದು ಸಹಜ. ಸರ್ಕಾರ ಜೋಕ್ ಮಾಡಿದ್ರೆ ಓಕೆ, ಸರ್ಕಾರದ ಮೇಲೆ ಜೋಕ್ ಮಾಡಿದ್ರೆ ಪ್ರಾಬ್ಲಂ, ಹಿಂಗಾದ್ರೆ ಲೀಡರ್ ಆದೋನು ನಗಿಸಬಹುದಾ ಬಾರದಾ? ಈ ಚರ್ಚೆ ಎಲ್ಲಿ ಶುರುವಾದ್ರೂ ಯಾರಾದ್ರೂ ಒಬ್ರು ಬಂದು "ಅಯ್ಯೋ ಲಿಂಕನ್ ಕೂಡ ಯುದ್ಧದ ಮಧ್ಯೆ ಜೋಕ್ ಹೇಳ್ತಿದ್ದ ಬಿಡ್ರಿ" ಅಂತಾರೆ. ಹೇಳ್ತಿದ್ದ, ಸುಳ್ಳಲ್ಲ. ಆದ್ರೆ ಆ ಜೋಕ್ ಎಲ್ಲಿ ಹೇಳ್ತಿದ್ದ, ಯಾರ ಮೇಲೆ ಹೇಳ್ತಿದ್ದ, ಅದಕ್ಕೆ ಆತ ಏನು ಬೆಲೆ ತೆತ್ತ, ಆಗಿನ ಹಾಸ್ಯ ಬರಹಗಾರರು ಆತನ ಜೊತೆ ಎಷ್ಟು ಇದ್ರು ಎಷ್ಟು ಇರಲಿಲ್ಲ, ಇದನ್ನೆಲ್ಲ ಬಿಟ್ಟು ಬರೀ ಹೆಸರು ಎಳೆದ್ರೆ ಏನೂ ಸಾಬೀತಾಗಲ್ಲ.

ಮೊದಲು ಆ ಫೇಮಸ್ ಮೀಟಿಂಗ್

1862ರ ಸೆಪ್ಟೆಂಬರ್ 22. ಗುಲಾಮಗಿರಿ ಉಳಿಸ್ಕೊಳ್ಳೋಕೆ ದೇಶದಿಂದ ಬೇರೆಯಾದ ದಕ್ಷಿಣದ ರಾಜ್ಯಗಳಿಗೂ ಲಿಂಕನ್ ಸರ್ಕಾರದ ಕಡೆ ಇದ್ದ ಉತ್ತರಕ್ಕೂ ಅಮೆರಿಕದ ಅಂತರ್ಯುದ್ಧ ಶುರುವಾಗಿ ಒಂದೂವರೆ ವರ್ಷ ಆಗಿತ್ತು. ಐದು ದಿನದ ಹಿಂದಷ್ಟೇ ಮೇರಿಲ್ಯಾಂಡ್‌ನ ಆಂಟೀಟಮ್ ಹಳ್ಳದ ಹತ್ರ ಒಂದೇ ದಿನದ ಕಾಳಗದಲ್ಲಿ ಎರಡೂ ಕಡೆ ಸೇರಿ ಸತ್ತವರು, ಗಾಯ ಆದವರು, ಕಾಣೆ ಆದವರು ಸುಮಾರು 23,000. ಇಂಥ ಹೊತ್ತಲ್ಲಿ ಲಿಂಕನ್ ಕ್ಯಾಬಿನೆಟ್ ಕರೆದ, ಮಂತ್ರಿಗಳೆಲ್ಲ ಬಂದು ಕೂತ್ರು, ಆತ ಒಂದು ಪುಸ್ತಕ ತೆಗೆದು, ಹಾಸ್ಯ ಬರೆಯೋ ಆರ್ಟಿಮಸ್ ವಾರ್ಡ್ ಕಳಿಸಿದ್ದಾನೆ, ಒಂದು ಅಧ್ಯಾಯ ಬಹಳ ಚೆನ್ನಾಗಿದೆ ಅಂತ ಓದೋಕೆ ಶುರು ಮಾಡಿದ.

ಕಥೆ ಇಷ್ಟೇ. ಮೇಣದ ಬೊಂಬೆ ಪ್ರದರ್ಶನದವನೊಬ್ಬ ನ್ಯೂಯಾರ್ಕ್ ರಾಜ್ಯದ ಯೂಟಿಕಾ ಊರಿಗೆ ಬರ್ತಾನೆ, ಏಸುವಿನ ಕೊನೆಯ ಊಟದ ದೃಶ್ಯ ಇಟ್ಟಿರ್ತಾನೆ. ದಢೂತಿ ಆಸಾಮಿಯೊಬ್ಬ ನುಗ್ಗಿ, ಏಸುಗೆ ದ್ರೋಹ ಮಾಡಿದ ಶಿಷ್ಯ ಯೂದನ ಬೊಂಬೆನ ಕಾಲು ಹಿಡಿದು ದರದರ ಎಳ್ಕೊಂಡು ಹೋಗಿ ಗುದ್ದೋಕೆ ಶುರು ಮಾಡ್ತಾನೆ. ಲೋ ಅದು ಮೇಣದ ಬೊಂಬೆ ಕಣಯ್ಯಾ ಅಂದ್ರೆ, ಅದೆಲ್ಲ ನಂಗೊತ್ತಿಲ್ಲ, ಈ ಯೂದ ಯೂಟಿಕಾದಲ್ಲಿ ತಲೆ ಎತ್ಕೊಂಡು ಓಡಾಡಂಗಿಲ್ಲ ಅಂತ ತಲೆ ಅಪ್ಪಚ್ಚಿ ಮಾಡ್ತಾನೆ. ಆಮೇಲೆ ನೋಡಿದ್ರೆ ಆತ ಊರಿನ ದೊಡ್ಡ ಮನೆತನದವನು. ಪ್ರದರ್ಶನದವನು ಕೇಸ್ ಹಾಕ್ತಾನೆ, ಜ್ಯೂರಿ ತೀರ್ಪು ಕೊಡುತ್ತೆ: ಮೂರನೇ ದರ್ಜೆಯ ಬೆಂಕಿ ಹಚ್ಚಿದ ಅಪರಾಧ!

ಓದು ಮುಗೀತು, ಲಿಂಕನ್ ಮುಖ ಗಂಭೀರ ಆಯ್ತು, ಇನ್ನೊಂದು ಕಾಗದ ತೆಗೆದ. 1863ರ ಜನವರಿ 1ಕ್ಕೆ ಯಾವ್ಯಾವ ರಾಜ್ಯ ಇನ್ನೂ ದಂಗೆಯಲ್ಲಿರುತ್ತೋ ಅಲ್ಲಿನ ಗುಲಾಮರೆಲ್ಲ ಸ್ವತಂತ್ರರು ಅನ್ನೋ ಘೋಷಣೆ ಅದು.

ಈ ಘಟನೆಯ ಒಂದು ಮಸಾಲೆ ವರ್ಷನ್ ಎಲ್ಲ ಕಡೆ ಓಡಾಡುತ್ತೆ. ಅದರಲ್ಲಿ ಯಾವ ಮಂತ್ರಿನೂ ನಗಲ್ಲ, ಲಿಂಕನ್ ಪುಸ್ತಕ ಎಸೆದು ನಿಟ್ಟುಸಿರು ಬಿಟ್ಟು "ನಾನು ನಗದೇ ಇದ್ರೆ ಸತ್ತೇ ಹೋಗ್ತೀನಿ" ಅಂತ ಡೈಲಾಗ್ ಹೊಡೀತಾನೆ. ಆದ್ರೆ ಆ ಮೀಟಿಂಗಲ್ಲೇ ಕೂತಿದ್ದ ಹಣಕಾಸು ಮಂತ್ರಿ ಸಾಮನ್ ಚೇಸ್ ಬರೆದಿಟ್ಟ ಡೈರಿಯಲ್ಲಿ ಅಂಥ ಡೈಲಾಗ್ ಇಲ್ಲ. ಪ್ರೆಸಿಡೆಂಟ್ ಓದಿ ಖುಷಿಪಟ್ಟ, ಮಂತ್ರಿಗಳೂ ಖುಷಿಪಟ್ರು, ಯುದ್ಧ ಮಂತ್ರಿ ಸ್ಟ್ಯಾಂಟನ್ ಒಬ್ರನ್ನ ಬಿಟ್ಟು, ಅಂತ ಇದೆ. ಚೇಸ್ ಏನು ಲಿಂಕನ್ ಅಭಿಮಾನಿ ಅಲ್ಲ, ಆ ಕುರ್ಚಿ ಮೇಲೆ ಅವನಿಗೇ ಕಣ್ಣಿತ್ತು, ಅಂಥವನ ಡೈರಿ ಅಂದ್ಮೇಲೆ ಇದನ್ನ ನಂಬಬಹುದು.

ಯಾಕೆ ಹಂಗೆ ಓದಿದ ಅನ್ನೋದಕ್ಕೆ ಬಹಳ ಆಳವಾದ ಅರ್ಥ ಹುಡುಕೋರಿದಾರೆ, ಯೂದ ಅಂದ್ರೆ ಇವರು, ದಢೂತಿ ಅಂದ್ರೆ ಅವರು ಅಂತ. ಅಷ್ಟು ದೂರ ಹೋಗೋದು ಬೇಡ ಅನ್ಸುತ್ತೆ. ಜುಲೈನಲ್ಲೇ ಆತ ಈ ಘೋಷಣೆಯ ಕರಡು ತೋರಿಸಿದ್ದ, ವಿದೇಶಾಂಗ ಮಂತ್ರಿ ಸೂವರ್ಡ್ ಒಂದು ಗೆಲುವು ಬರೋ ತನಕ ಕಾಯೋಣ ಅಂದಿದ್ದ, ಅಂಚೆ ಮಂತ್ರಿ ಮಾಂಟ್ಗೊಮರಿ ಬ್ಲೇರ್‌ಗೆ ಮುಂದಿನ ಎಲೆಕ್ಷನ್‌ನಲ್ಲಿ ಏಟು ಬೀಳುತ್ತೆ ಅನ್ನೋ ಭಯ ಇತ್ತು. ಈ ಸಲ ಲಿಂಕನ್ ಸಲಹೆ ಕೇಳೋಕೆ ಕರೆದಿರಲಿಲ್ಲ, ತೀರ್ಮಾನ ಆಗಿತ್ತು, ಹೇಳೋದಷ್ಟೇ ಬಾಕಿ. ಒಬ್ರಿಗೊಬ್ರು ಆಗದ ಜನ ಬಿಗಿದ ಮುಖದಲ್ಲಿ ಕೂತಿರುವಾಗ ಆ ಬಿಗಿ ಸ್ವಲ್ಪ ಸಡಿಲ ಮಾಡೋದು ಆತನ ಹಳೇ ವಕೀಲಿ ಅಭ್ಯಾಸ. ಇಲ್ಲಿ ಗಮನಿಸಬೇಕಾದ್ದು ಬೇರೆನೇ: ಜೋಕ್ ರೂಮಿನೊಳಗೆ ಉಳೀತು, ಹೊರಗೆ ಬಂದ ಘೋಷಣೆಯಲ್ಲಿ ನಗೋ ಪದ ಒಂದೂ ಇಲ್ಲ, ಕೋರ್ಟ್ ಕಾಗದ ಇದ್ದಂಗೆ ಒಣ ಒಣ.

ಈ ಬರಹಗಾರರು ಯಾರು, ಇಷ್ಟು ಹರಡಿದ್ದು ಹೇಗೆ

ಆರ್ಟಿಮಸ್ ವಾರ್ಡ್ ಅನ್ನೋ ಮನುಷ್ಯ ಇರಲೇ ಇಲ್ಲ. ಮೇನ್ ರಾಜ್ಯದಲ್ಲಿ ಹುಟ್ಟಿದ ಚಾರ್ಲ್ಸ್ ಫರಾರ್ ಬ್ರೌನ್ ಅನ್ನೋ ಪತ್ರಕರ್ತ ಕ್ಲೀವ್‌ಲ್ಯಾಂಡ್‌ನ ಪ್ಲೇನ್ ಡೀಲರ್ ಪೇಪರಲ್ಲಿದ್ದಾಗ 1858ರಲ್ಲಿ ಹುಟ್ಟಿಸಿದ ಪಾತ್ರ ಅದು, ಮೇಣದ ಬೊಂಬೆ, ಕಾಂಗರೂ ಎಲ್ಲ ಇಟ್ಕೊಂಡು ಊರೂರು ತಿರುಗೋನು, ಸ್ಪೆಲ್ಲಿಂಗ್ ಬರಲ್ಲ, ಆದ್ರೆ ಎಲ್ಲದರ ಬಗ್ಗೆನೂ ಅಭಿಪ್ರಾಯ ಇದೆ. ಹಂಗೇ ರಾಬರ್ಟ್ ಹೆನ್ರಿ ನ್ಯೂವೆಲ್ ಅನ್ನೋನು ಆರ್ಫಿಯಸ್ ಸಿ. ಕರ್ ಅನ್ನೋ ಹೆಸರಲ್ಲಿ ಬರೀತಿದ್ದ, ಜೋರಾಗಿ ಓದಿದ್ರೆ ಆಫೀಸ್ ಸೀಕರ್ ಅಂತ ಕೇಳ್ಸುತ್ತೆ, ಅಂದ್ರೆ ಸರ್ಕಾರಿ ಕೆಲಸಕ್ಕೆ ಅಲೆಯೋನು. ಇನ್ನೊಬ್ಬ ಒಹಾಯೋದ ಡೇವಿಡ್ ರಾಸ್ ಲಾಕ್, ಪೆಟ್ರೋಲಿಯಂ ವಿ. ನ್ಯಾಸ್ಬಿ ಅನ್ನೋ ಹೆಸರಿನವನು, ಅವನ ಬಗ್ಗೆ ಮುಂದೆ ಬರುತ್ತೆ.

ಬೇಕು ಅಂತಲೇ ತಪ್ಪು ಸ್ಪೆಲ್ಲಿಂಗ್ ಬರೆಯೋದು ಆಗಿನ ಫ್ಯಾಷನ್. ಈಗ ಓದೋಕೆ ಹಿಂಸೆ, ಅದು ನಿಜ. ಆದ್ರೆ ಅದಕ್ಕೊಂದು ಕಾರಣ ಇತ್ತು. ಓದಿಲ್ಲದ ಹಳ್ಳಿಯವನ ಬಾಯಲ್ಲಿ ಬಂದ ಮಾತನ್ನ ಎಡಿಟರ್ ಹೆಸರಲ್ಲಿ ಬರೆದಿದ್ರೆ ಜಗಳ ಆಗ್ತಿತ್ತು, ಪೆದ್ದನ ಹೆಸರಲ್ಲಿ ಬಂದ್ರೆ ಜನ ನಕ್ಕು ಓದ್ತಿದ್ರು, ಓದಿದ್ಮೇಲೆ ಅರೆ ಇವನು ಹೇಳಿದ್ದು ಸರಿನೇ ಅಲ್ವಾ ಅಂತ ಅನ್ನಿಸೋದು. ಲಿಂಕನ್‌ನ ಕೂಡ ಪೂರ್ವ ಕರಾವಳಿಯ ಓದಿದ ಜನ ಇದೇ ಥರ ನೋಡ್ತಿದ್ರು, ಕಾಡಿನ ಕಡೆಯಿಂದ ಬಂದೋನು, ಮಾತು ಒರಟು, ಬಟ್ಟೆ ಸರಿಯಿಲ್ಲ ಅಂತ. ಹಾಗಾಗಿ ಆತನಿಗೆ ಈ ಬರಹಗಳು ಹತ್ರ ಅನಿಸಿದ್ದರಲ್ಲಿ ಆಶ್ಚರ್ಯ ಇಲ್ಲ.

ಹರಡಿದ್ದು ಅಂಚೆಯಿಂದ. 1792ರ ಅಂಚೆ ಕಾನೂನಿನಿಂದಲೇ ಅಮೆರಿಕದಲ್ಲಿ ಒಬ್ಬ ಎಡಿಟರ್ ಇನ್ನೊಬ್ಬ ಎಡಿಟರ್‌ಗೆ ತನ್ನ ಪೇಪರ್ ಫ್ರೀಯಾಗಿ ಕಳಿಸಬಹುದಿತ್ತು. ಯಾರ ಪೇಪರಲ್ಲಿ ಏನು ಚೆನ್ನಾಗಿದ್ರೂ ಇನ್ನೊಬ್ಬ ಕತ್ತರಿಸಿ ತನ್ನಲ್ಲಿ ಹಾಕ್ಕೊಳ್ತಿದ್ದ, ಹಿಂಗಾಗಿ ಕ್ಲೀವ್‌ಲ್ಯಾಂಡ್‌ನ ಒಂದು ತಮಾಷೆ ಊರೂರಿನ ಪೇಪರ್‌ಗಳಲ್ಲಿ ಮರುಮುದ್ರಣ ಆಗ್ತಾ ದೇಶ ತುಂಬ ಓಡ್ತಿತ್ತು.

ಇವರಿಗೆಲ್ಲ ಕಾಮನ್ ಟಾರ್ಗೆಟ್ ಅಂದ್ರೆ ಸರ್ಕಾರಿ ಕೆಲಸಕ್ಕೆ ಮುತ್ತಿಗೆ ಹಾಕೋ ಜನ. ಆಗ ಪಾರ್ಟಿ ಗೆದ್ರೆ ಅಂಚೆ ಕಚೇರಿಯಿಂದ ಹಿಡಿದು ರಾಯಭಾರಿ ತನಕ ಎಲ್ಲ ಕೆಲಸನೂ ಪಾರ್ಟಿಯವರಿಗೆ ಹಂಚೋ ಪದ್ಧತಿ. ವಾರ್ಡ್ 1860ರ ಒಂದು ಬರಹದಲ್ಲಿ ಲಿಂಕನ್‌ನ ನೋಡೋಕೆ ಅವನ ಊರು ಸ್ಪ್ರಿಂಗ್‌ಫೀಲ್ಡ್‌ಗೆ ಹೋಗ್ತಾನೆ, ಮನೆ ತುಂಬ ಕೆಲಸ ಕೇಳೋರು, ಚಿಮಣಿ ಒಳಗಿಂದಲೂ ಇಳೀತಾರೆ, ವಾರ್ಡ್ ಎಲ್ಲರನ್ನೂ ಬೈದು ಓಡಿಸ್ತಾನೆ. ಉಪಕಾರ ಹೆಂಗೆ ತೀರಿಸ್ಲಿ ಅಂತ ಲಿಂಕನ್ ಕೇಳ್ದಾಗ ಕ್ಯಾಬಿನೆಟ್ ತುಂಬ ಪ್ರದರ್ಶನದವರನ್ನೇ ಹಾಕ್ಕೊ, ಅವರಿಗೆ ತತ್ವ ಸಿದ್ಧಾಂತ ಏನೂ ಇರಲ್ಲ ಅಂತಾನೆ. ಓದಿದ್ರೆ ಲಿಂಕನ್‌ಗೆ ಹೊಗಳಿಕೆ ಥರ ಕಾಣುತ್ತೆ, ಒಳಗೆ ಪಾಲಿಟಿಕ್ಸ್‌ಗೇ ಚುಚ್ಚು.

ಇವರು ಲಿಂಕನ್‌ನ ಬಿಟ್ಟಿದ್ದೂ ಇಲ್ಲ. 1863ರ ಜೂನ್‌ನಲ್ಲಿ ಆತ ಈ ಆರ್ಫಿಯಸ್ ಕರ್ ಬರಹ ಓದದವನು ಧರ್ಮ ಗೊತ್ತಿಲ್ಲದ ಅನಾಗರಿಕ ಅಂತ ತಮಾಷೆ ಮಾಡಿದ್ದನ್ನ ನೌಕಾ ಮಂತ್ರಿ ಗಿಡಿಯನ್ ವೆಲ್ಸ್ ಡೈರಿಯಲ್ಲಿ ಬರೆದಿದ್ದಾನೆ. ಆಮೇಲಿನ ಮಾತು ಇನ್ನೂ ಚೆನ್ನಾಗಿದೆ: ನಿನಗೋ ಚೇಸ್‌ಗೋ ಕೊಟ್ಟ ಏಟು ಓದಿ ನಾನು ನಗ್ತೀನಿ, ನಿನಗೆ ಅದು ಅಸಹ್ಯ ಅನ್ಸಿರಬಹುದು, ನನಗೆ ಕೊಟ್ಟಿದ್ದು ನನಗೂ ಹಂಗೇ, ಅಷ್ಟೇನೂ ಚೆನ್ನಾಗಿಲ್ಲ ಅನ್ಸುತ್ತೆ, ಅಂದ. ಎಲ್ಲರ ಥರನೇ ಅವನೂ ಅಂತ ಅರ್ಥ. ಆದ್ರೆ ಓದೋದು ನಿಲ್ಲಿಸಲಿಲ್ಲ, ನ್ಯೂವೆಲ್ ಬರೆಯೋದನ್ನ ನಿಲ್ಲಿಸೋಕೂ ಹೋಗಲಿಲ್ಲ.

ನ್ಯಾಸ್ಬಿ: ಎದುರಾಳಿ ಬಾಯಿಂದಲೇ ಎದುರಾಳಿನ ಹೊಡೆಯೋದು

ಉತ್ತರದ ರಾಜ್ಯಗಳಲ್ಲೇ ಯುದ್ಧ ಬೇಡ, ಗುಲಾಮಗಿರಿ ಇದ್ರೆ ಇರ್ಲಿ, ದಕ್ಷಿಣದ ಜೊತೆ ರಾಜಿ ಆಗೋಣ ಅನ್ನೋ ಡೆಮಾಕ್ರಟ್‌ಗಳ ಒಂದು ಗುಂಪಿತ್ತು, ಅವರನ್ನ ವಿರೋಧಿಗಳು ಕಾಪರ್‌ಹೆಡ್ ಅಂತಿದ್ರು, ವಿಷದ ಹಾವಿನ ಹೆಸರು. ಲಾಕ್ ರಿಪಬ್ಲಿಕನ್, ಗುಲಾಮಗಿರಿ ವಿರೋಧಿ. ಆದ್ರೆ ಅವನ ನ್ಯಾಸ್ಬಿ ಕಾಪರ್‌ಹೆಡ್. ಕುಡುಕ, ಸೋಮಾರಿ, ತಾನೇ ಪಾದ್ರಿ ಅಂತ ಹೇಳ್ಕೊಳ್ಳೋನು, ಕರಿಯರನ್ನ ಕಂಡ್ರೆ ಆಗಲ್ಲ, ಜೀವನದ ಒಂದೇ ಗುರಿ ಅಂದ್ರೆ ಒಂದು ಪೋಸ್ಟ್‌ಮಾಸ್ಟರ್ ಕೆಲಸ.

1862ರಲ್ಲಿ ಸೇನೆಗೆ ಕಡ್ಡಾಯ ಭರ್ತಿ ಮಾತು ಬಂದಾಗ ನ್ಯಾಸ್ಬಿ ತನ್ನನ್ನ ಯಾಕೆ ಸೇರಿಸಬಾರದು ಅಂತ ಪಟ್ಟಿ ಕೊಡ್ತಾನೆ. ತಲೆ ಬೋಳು, 22 ವರ್ಷದಿಂದ ವಿಗ್ಗು, ಉಳಿದ ನಾಲ್ಕು ಕೂದಲಲ್ಲಿ ಹೊಟ್ಟು, ಬಿಡದ ನೆಗಡಿ, ಹಲ್ಲೆಲ್ಲ ಹಾಳು, ಜೊತೆಗೆ ಭರ್ತಿ ಆರ್ಡರ್ ಬಂದ ಮೇಲೆ ಒಂದು ಕಣ್ಣು ಪೂರ್ತಿ ಹೋಗಿದೆ! ಆಮೇಲೆ ಕೆನಡಾಗೆ ಓಡಿ ಹೋಗ್ತಾನೆ, ಸಿಕ್ಕಿಬಿದ್ದು ಉತ್ತರದ ಸೈನ್ಯಕ್ಕೆ ಸೇರ್ತಾನೆ, ಅಲ್ಲಿಂದ ತಪ್ಪಿಸ್ಕೊಂಡು ದಕ್ಷಿಣದ ಸೈನ್ಯಕ್ಕೆ ಹೋಗ್ತಾನೆ, ಅಲ್ಲಿ ಊಟ ಬಟ್ಟೆ ಗತಿಯಿಲ್ಲ ಅಂತ ಅಲ್ಲಿಂದಲೂ ಓಡ್ತಾನೆ.

ಇದು ಕೆಲಸ ಮಾಡಿದ ರೀತಿ ಹೀಗೆ. ಕಾಪರ್‌ಹೆಡ್ ನಾಯಕರು ಸಂವಿಧಾನ, ಸ್ವಾತಂತ್ರ್ಯ, ಶಾಂತಿ ಅಂತ ದೊಡ್ಡ ದೊಡ್ಡ ಪದ ಬಳಸ್ತಿದ್ರು, ಅದರಲ್ಲಿ ಕೆಲವು ವಾದಗಳಿಗೆ ನಿಜವಾಗ್ಲೂ ತೂಕ ಇತ್ತು, ಉದಾಹರಣೆಗೆ ವಿಚಾರಣೆ ಇಲ್ಲದೆ ಜನರನ್ನ ಜೈಲಿಗೆ ಹಾಕೋದರ ಬಗ್ಗೆ. ನ್ಯಾಸ್ಬಿ ಅದೇ ವಾದನ ಅಕ್ಷರ ತಪ್ಪು ಮಾಡಿ, ಮಧ್ಯೆ ವಿಸ್ಕಿ ಕುಡ್ಕೊಂಡು, ಕೊನೆಗೆ "ಅದಕ್ಕೇ ನಂಗೆ ಪೋಸ್ಟ್ ಆಫೀಸ್ ಬೇಕು" ಅಂತ ಮುಗಿಸೋನು. ನಾಲ್ಕು ಸಲ ಇದನ್ನ ಓದಿದ ಮನುಷ್ಯ ನಿಜವಾದ ಕಾಪರ್‌ಹೆಡ್ ಭಾಷಣ ಕೇಳ್ದಾಗ ಅವನಿಗೆ ನ್ಯಾಸ್ಬಿ ನೆನಪಾಗೋನು. ವಾದಕ್ಕೆ ಉತ್ತರ ಕೊಡ್ದೇನೇ ವಾದ ಮಾಡೋನ ಮರ್ಯಾದೆ ತೆಗೆಯೋ ಟೆಕ್ನಿಕ್ಕು, ಪರಿಣಾಮಕಾರಿ ಹೌದು, ನ್ಯಾಯನಾ ಅಂದ್ರೆ ಯಾವಾಗ್ಲೂ ಅಲ್ಲ.

ಸೆನೆಟರ್ ಚಾರ್ಲ್ಸ್ ಸಮ್ನರ್ ಯುದ್ಧ ಮುಗಿದು ವರ್ಷಗಳಾದ್ಮೇಲೆ ನೆನಪಿಸ್ಕೊಂಡ ಪ್ರಕಾರ, ಹಿಂಗೆ ಬರೆಯೋ ಪ್ರತಿಭೆ ಸಿಗೋದಾದ್ರೆ ಪ್ರೆಸಿಡೆಂಟ್ ಪದವಿನೇ ಬಿಟ್ಟುಕೊಡ್ತೀನಿ ಅಂದಿದ್ದನಂತೆ ಲಿಂಕನ್. ಲಾಕ್‌ಗೆ ಕಾಗದ ಬರೆದು, ವಾಷಿಂಗ್ಟನ್‌ಗೆ ಬಾ, ಯಾವ ಕೆಲಸ ಬೇಕೋ ಕೇಳು ಕೊಡ್ತೀನಿ ಅಂತ ಹೇಳಿ, ಆಮೇಲೆ ಜಾಗ್ರತೆಯಾಗಿ "ನಿನ್ನ ಕೈಲಿ ಮಾಡೋಕಾಗೋ ಕೆಲಸ" ಅಂತ ಸೇರಿಸಿದ್ದ ಅಂತ ಲಾಕೇ ಬರೆದಿದ್ದಾನೆ. ಲಾಕ್ ಏನೂ ಕೇಳಲಿಲ್ಲ. ರಿಪಬ್ಲಿಕನ್ ನಾಯಕ ಜಾರ್ಜ್ ಬೌಟ್‌ವೆಲ್ ಅಂತೂ ದಂಗೆನ ಅಡಗಿಸಿದ್ದು ಮೂರು ಶಕ್ತಿಗಳು, ಸೈನ್ಯ ಮತ್ತು ನೌಕಾಪಡೆ, ರಿಪಬ್ಲಿಕನ್ ಪಾರ್ಟಿ, ನ್ಯಾಸ್ಬಿ ಪತ್ರಗಳು ಅಂದುಬಿಟ್ಟ. ಇದು ರಾಜಕಾರಣಿಯ ಉತ್ಪ್ರೇಕ್ಷೆ. ನ್ಯಾಸ್ಬಿ ಓದಿ ನಕ್ಕವರಲ್ಲಿ ಬಹುತೇಕರು ಮೊದಲೇ ಆ ಕಡೆ ಇದ್ದವರು. 1864ರ ಆಗಸ್ಟ್‌ನಲ್ಲಿ ಲಿಂಕನ್ ತಾನು ಸೋಲ್ತೀನಿ ಅಂತಲೇ ಬರೆದಿಟ್ಟಿದ್ದ, ಲೆಕ್ಕ ತಿರುಗಿದ್ದು ಸೆಪ್ಟೆಂಬರ್ ಶುರುವಲ್ಲಿ ಅಟ್ಲಾಂಟಾ ಕೈಗೆ ಬಂದ್ಮೇಲೆ. ಹಾಸ್ಯ ತನ್ನ ಕಡೆಯವರ ಧೈರ್ಯ ಹಿಡಿದಿಡುತ್ತೆ, ಎಲೆಕ್ಷನ್ ಗೆದ್ದುಕೊಡೋದು ಅಪರೂಪ.

ದಕ್ಷಿಣದವರೂ ಸುಮ್ನಿರಲಿಲ್ಲ

1861ರ ಏಪ್ರಿಲ್‌ನಲ್ಲಿ ಲಿಂಕನ್ 75,000 ಸೈನಿಕರನ್ನ ಕರೆದು, ದಂಗೆ ಎದ್ದೋರು 20 ದಿನದೊಳಗೆ ಚದುರಿ ಮನೆಗೆ ಹೋಗ್ಬೇಕು ಅಂತ ಆರ್ಡರ್ ಮಾಡಿದ. ಜಾರ್ಜಿಯಾದ ರೋಮ್ ಊರಿನ ವಕೀಲ ಚಾರ್ಲ್ಸ್ ಹೆನ್ರಿ ಸ್ಮಿತ್, ಬಿಲ್ ಆರ್ಪ್ ಅನ್ನೋ ಹೆಸರಲ್ಲಿ ಉತ್ತರ ಬರೆದ: ಲಿಂಕನ್ ಸಾಹೇಬ್ರೇ, ನಿಮ್ಮ ನೋಟಿಸ್ ಬಂತು, ಟೈಮ್ ಬಹಳ ಕಮ್ಮಿ ಕೊಟ್ಟಿದೀರಾ, ಚದುರೋಕೆ ಇನ್ನೊಂಚೂರು ಟೈಮ್ ಬೇಕಿತ್ತು. ದಕ್ಷಿಣದ ಜನಕ್ಕೆ ಇದು ಹುಚ್ಚು ಹಿಡಿಸ್ತು, ಯಾಕಂದ್ರೆ ಬೈಯದೇ ಬಗ್ಗದೇ ಆರ್ಡರ್‌ನ ಸೊಂಟ ಮುರಿದಿದ್ದ. ಆದ್ರೆ ಆ ನಗುವಿನ ಹಿಂದೆ ಉಳಿಸ್ಕೊಳ್ಳೋಕೆ ಹೊರಟಿದ್ದು ಗುಲಾಮಗಿರಿ ವ್ಯವಸ್ಥೆನ ಅನ್ನೋದನ್ನ ಮರೆತು ಓದಿದ್ರೆ ಮೋಸ ಹೋಗ್ತೀವಿ.

"ಆ ಜೋಕ್ ಸ್ಪ್ರಿಂಗ್‌ಫೀಲ್ಡ್‌ಗೆ ಹೋಗಿ ಹೇಳು"

ಲಿಂಕನ್ ಜೋಕ್ ಹೇಳಿದ್ದನ್ನ ಆಗ ಎಲ್ಲರೂ ಮೆಚ್ಕೊಂಡಿದ್ರು ಅನ್ನೋದು ಈಗಿನವರ ಕಲ್ಪನೆ. 1862ರ ಡಿಸೆಂಬರ್‌ನಲ್ಲಿ ಫ್ರೆಡೆರಿಕ್ಸ್‌ಬರ್ಗ್‌ನಲ್ಲಿ ಉತ್ತರದ ಸೈನ್ಯ 12,000ಕ್ಕೂ ಹೆಚ್ಚು ಜನರನ್ನ ಸಾವು ನೋವಿನಲ್ಲಿ ಕಳ್ಕೊಂಡಿತು. 1863ರ ಜನವರಿ 3ರ ಹಾರ್ಪರ್ಸ್ ವೀಕ್ಲಿಯಲ್ಲಿ ಒಂದು ಕಾರ್ಟೂನ್ ಬಂತು, ಕೊಲಂಬಿಯಾ, ಅಂದ್ರೆ ಅಮೆರಿಕದ ದೇಶಮಾತೆ, ನನ್ನ 15,000 ಗಂಡುಮಕ್ಕಳೆಲ್ಲಿ ಅಂತ ಬೆರಳು ತೋರಿಸಿ ಕೇಳ್ತಿದ್ದಾಳೆ. ಲಿಂಕನ್, ಇದಕ್ಕೆ ನಂಗೊಂದು ಸಣ್ಣ ಜೋಕ್ ನೆನಪಾಗುತ್ತೆ ಅಂತಾನೆ. ಆಕೆ, ಹೋಗಿ ಆ ಜೋಕ್‌ನ ನಿನ್ನ ಸ್ಪ್ರಿಂಗ್‌ಫೀಲ್ಡ್‌ನಲ್ಲಿ ಹೇಳು ಅಂತಾಳೆ. ಇದು ಶತ್ರು ಪೇಪರ್ ಅಲ್ಲ, ಉತ್ತರದ್ದೇ, ಮನೆಮನೆಗೆ ಹೋಗ್ತಿದ್ದ ವಾರಪತ್ರಿಕೆ.

1864ರ ಎಲೆಕ್ಷನ್ ಹೊತ್ತಿಗೆ ಇದು ದೊಡ್ಡ ಆರೋಪನೇ ಆಯ್ತು. ಡೆಮಾಕ್ರಟ್ ಪಕ್ಷದ ನ್ಯೂಯಾರ್ಕ್ ವರ್ಲ್ಡ್ ಪೇಪರ್, ಆಂಟೀಟಮ್ ರಣರಂಗದಲ್ಲಿ ಹೆಣ ಹೂಳ್ತಿರುವಾಗ ಲಿಂಕನ್ ತನ್ನ ಗೆಳೆಯ ವಾರ್ಡ್ ಲೇಮನ್ ಕೈಲಿ ತಮಾಷೆ ಹಾಡು ಹಾಡಿಸಿದ ಅಂತ ಬರೀತು. ಎದುರು ನಿಂತಿದ್ದ ಕ್ಯಾಂಡಿಡೇಟ್ ಅದೇ ಆಂಟೀಟಮ್‌ನಲ್ಲಿ ಉತ್ತರದ ಸೈನ್ಯ ನಡೆಸಿದ್ದ ಜನರಲ್ ಮೆಕ್ಲೆಲನ್, ಹಾಗಾಗಿ ಏಟು ನೇರವಾಗಿ ತಾಗೋದು. ಲಿಂಕನ್ ತನ್ನ ಕೈಯಾರೆ ಒಂದು ಉತ್ತರ ಬರೆದ: ಅದು ರಣರಂಗದಲ್ಲಿ ಅಲ್ಲ, ಕಾಳಗ ಆಗಿ 16 ದಿನ ಆಗಿತ್ತು, ಒಂದು ಹೆಣನೂ ಕಣ್ಣಿಗೆ ಬೀಳಲಿಲ್ಲ, ಮಳೆ ಬೀಳದ ಹೊಸ ಗೋರಿನೂ ಇರಲಿಲ್ಲ. ತಾನೇ ಕೇಳಿದ್ದು ಒಂದು ದುಃಖದ ಹಾಡು, ಲೇಮನ್ ಆಮೇಲೆ ಎರಡು ಮೂರು ಹಗುರ ಹಾಡು ಹಾಡಿದ. ಇಷ್ಟು ಬರೆದವನು ಅದನ್ನ ಹೊರಗೆ ಬಿಡಲೇ ಇಲ್ಲ. ವಿವರಣೆ ಕೊಟ್ರೆ ಆರೋಪಕ್ಕೇ ಇನ್ನಷ್ಟು ಪ್ರಚಾರ ಅನ್ನೋದು ಆತನಿಗೆ ಗೊತ್ತಿತ್ತು.

ಒಳಗಿನವರಿಗೂ ಇದು ಸಹಿಸೋಕೆ ಕಷ್ಟ ಆಗ್ತಿತ್ತು. ನವೆಂಬರ್ 8ರ ರಾತ್ರಿ ಮತ ಎಣಿಕೆಯ ಟೆಲಿಗ್ರಾಂಗಳು ಬರ್ತಿರುವಾಗ ಲಿಂಕನ್ ಯುದ್ಧ ಇಲಾಖೆಯಲ್ಲಿ ಕೂತು ಅಲ್ಲಿನ ಸಹಾಯಕ ಮಂತ್ರಿ ಚಾರ್ಲ್ಸ್ ಡೇನಾಗೆ ನ್ಯಾಸ್ಬಿ ಓದಿ ಹೇಳ್ತಿದ್ದ. ಸ್ಟ್ಯಾಂಟನ್ ಡೇನಾನ ಪಕ್ಕದ ರೂಮಿಗೆ ಎಳ್ಕೊಂಡು ಹೋಗಿ ಕೆಂಡ ಕಾರಿದ, ದೇಶದ ಹಣೆಬರಹ ತೀರ್ಮಾನ ಆಗೋ ಹೊತ್ತಲ್ಲಿ ಇದೆಂಥ ಹುಚ್ಚಾಟ ಅಂತ. ಸ್ಟ್ಯಾಂಟನ್ ವಾದನ ರಸ ಇಲ್ಲದವನ ಸಿಡುಕು ಅಂತ ತಳ್ಳಿಹಾಕೋದು ಸುಲಭ, ಆದ್ರೆ ಸೈನಿಕರ ಸಾವಿನ ಪಟ್ಟಿ ದಿನಾ ಮೇಜಿಗೆ ಬರ್ತಿದ್ದದ್ದು ಅವನಿಗೇನೇ. ಆರು ಲಕ್ಷಕ್ಕೂ ಹೆಚ್ಚು ಜನ ಸತ್ತ ಯುದ್ಧ ಅದು.

ಜೋಕ್‌ನಿಂದ ಕೆಲಸ ಏನಾಗ್ತಿತ್ತು

ಲಿಂಕನ್ ಕಡೆಯವರ ಉತ್ತರ ಎರಡು. ಒಂದು, ಮನುಷ್ಯ ಇದರಿಂದಲೇ ಉಳ್ಕೊಂಡ. ಸೆಕ್ರೆಟರಿ ಜಾನ್ ಹೇ 1864ರ ಏಪ್ರಿಲ್‌ನಲ್ಲಿ ಬರೆದ ಡೈರಿ ಪುಟ ಇದೆ, ಮಧ್ಯರಾತ್ರಿ ದಾಟಿದ್ಮೇಲೆ ಪ್ರೆಸಿಡೆಂಟ್ ಗಿಡ್ಡ ರಾತ್ರಿ ಅಂಗಿಯಲ್ಲೇ ನಗ್ತಾ ಬಂದು ಪುಸ್ತಕದ ಒಂದು ತಮಾಷೆ ಚಿತ್ರ ತೋರಿಸಿದನಂತೆ, ಉದ್ದ ಕಾಲಿನ ಹಿಂದೆ ಅಂಗಿ ಆಸ್ಟ್ರಿಚ್ ಬಾಲದ ಥರ ಎದ್ದು ನಿಂತಿತ್ತಂತೆ. ದೊಡ್ಡ ಸೈನ್ಯದ ಗತಿ ಏನಾಗುತ್ತೋ ಅನ್ನೋ ಚಿಂತೆ ಹೊತ್ತ ಮನುಷ್ಯ ಇವನೇನಾ ಅಂತ ಜಾನ್ ಹೇ ಆಶ್ಚರ್ಯಪಟ್ಟಿದ್ದೂ ಅಲ್ಲೇ ಇದೆ.

ಎರಡನೇದು ಕಸುಬಿನ ವಿಷಯ. ಕೆಲಸ ಕೇಳೋಕೆ ಬಂದವನಿಗೆ ಇಲ್ಲ ಅನ್ನಬೇಕು, ಶತ್ರು ಮಾಡ್ಕೊಳ್ಳಬಾರದು, ಹಾವೂ ಸಾಯಬಾರದು ಕೋಲೂ ಮುರಿಯಬಾರದು, ಅಂಥ ಕಡೆ ಒಂದು ಕಥೆ ಹೇಳಿ ನಗಿಸಿ ಬಾಗಿಲ ತನಕ ಬಿಟ್ಟು ಬರೋನು. 1863ರ ಕೊನೆಯಲ್ಲಿ ಸಿಡುಬಿನ ಥರದ ಕಾಯಿಲೆ ಬಂದಾಗ, ಈಗ ಎಲ್ಲರಿಗೂ ಕೊಡೋ ಅಂಥದ್ದೊಂದು ನನ್ನ ಹತ್ರ ಇದೆ, ಕರೀರಿ ಅವರನ್ನ ಅಂದನಂತೆ.

ಜನರಲ್‌ಗಳ ಜೊತೆ ನಗು ಇನ್ನೂ ಹರಿತ. ಆಂಟೀಟಮ್ ಆಗಿ ತಿಂಗಳು ದಾಟಿದ್ರೂ ಮೆಕ್ಲೆಲನ್ ಮುಂದೆ ಹೋಗ್ದೆ, ಕುದುರೆಗಳಿಗೆ ನಾಲಿಗೆ ಹುಣ್ಣು, ಸುಸ್ತಾಗಿವೆ ಅಂತ ವರದಿ ಕಳಿಸಿದಾಗ ಲಿಂಕನ್ ಟೆಲಿಗ್ರಾಂ ಹೊಡೆದ: ಕ್ಷಮಿಸಿ, ಆಂಟೀಟಮ್ ಆದ್ಮೇಲೆ ನಿಮ್ಮ ಕುದುರೆಗಳು ಸುಸ್ತಾಗೋ ಅಂಥದ್ದು ಏನು ಮಾಡಿವೆ ಅಂತ ಕೇಳಬಹುದಾ? ಎರಡು ವಾರದೊಳಗೆ ಮೆಕ್ಲೆಲನ್‌ನ ತೆಗೆದ. ದೇಶಕ್ಕೆ ಸರ್ವಾಧಿಕಾರಿ ಬೇಕು ಅಂತ ಮಾತಾಡಿದ್ದ ಜನರಲ್ ಹೂಕರ್‌ನ 1863ರ ಜನವರಿಯಲ್ಲಿ ಸೇನಾಪತಿ ಮಾಡಿ, ಗೆದ್ದ ಜನರಲ್‌ಗಳು ಮಾತ್ರ ಸರ್ವಾಧಿಕಾರಿ ಆಗೋಕಾಗೋದು, ನೀನು ಗೆದ್ದು ಕೊಡು, ಸರ್ವಾಧಿಕಾರದ ರಿಸ್ಕ್ ನಾನು ತಗೋತೀನಿ ಅಂತ ಬರೆದ. ಎರಡರಲ್ಲೂ ಏಟು ತಿಂದಿದ್ದು ಸಾವಿರಾರು ಸೈನಿಕರ ಮೇಲೆ ಅಧಿಕಾರ ಇದ್ದ, ವಾಪಸ್ ಉತ್ತರ ಕೊಡೋ ತಾಕತ್ತಿದ್ದ ಮನುಷ್ಯ.

ಈ ಅಳತೆ ಹುಟ್ಟಿನಿಂದ ಬಂದಿದ್ದಲ್ಲ. 1842ರಲ್ಲಿ ಯುವ ವಕೀಲ ಲಿಂಕನ್, ರೆಬೆಕ್ಕಾ ಅನ್ನೋ ಹಳ್ಳಿ ಹೆಂಗಸಿನ ಹೆಸರಲ್ಲಿ ಇಲಿನಾಯ್ ರಾಜ್ಯದ ಲೆಕ್ಕಾಧಿಕಾರಿ ಜೇಮ್ಸ್ ಶೀಲ್ಡ್ಸ್‌ನ ಪೇಪರಲ್ಲಿ ಗೇಲಿ ಮಾಡಿದ್ದ, ಹೆಂಗಸರ ಮುಂದೆ ಅವನ ಜಂಬನೂ ಸೇರಿಸಿ. ಶೀಲ್ಡ್ಸ್ ದ್ವಂದ್ವಯುದ್ಧಕ್ಕೆ ಕರೆದ. ಆರಡಿ ನಾಲ್ಕಿಂಚಿನ ಲಿಂಕನ್ ಆಯುಧ ಅಂತ ದೊಡ್ಡ ಕುದುರೆಪಡೆ ಕತ್ತಿ ಆರಿಸ್ಕೊಂಡ, ಸೆಪ್ಟೆಂಬರ್ 22ಕ್ಕೆ ಮಿಸಿಸಿಪ್ಪಿ ನದಿಯ ದ್ವೀಪವೊಂದಕ್ಕೆ ಇಬ್ಬರೂ ಹೋಗಿ ನಿಂತಿದ್ದೂ ಆಯ್ತು, ಗೆಳೆಯರು ಮಧ್ಯೆ ಬಂದು ರಾಜಿ ಮಾಡ್ಸಿದ್ರು. ಸರಿಯಾಗಿ 20 ವರ್ಷ ಆದ್ಮೇಲೆ, ಅದೇ ತಾರೀಖಿಗೆ, ಆ ಕ್ಯಾಬಿನೆಟ್ ಮೀಟಿಂಗ್. ಶೀಲ್ಡ್ಸ್ ಆ ಹೊತ್ತಿಗೆ ಲಿಂಕನ್ ಸೈನ್ಯದಲ್ಲೇ ಜನರಲ್ ಆಗಿದ್ದ! ದ್ವಂದ್ವದ ಕಥೆ ಎತ್ತಿದ್ರೆ ಲಿಂಕನ್‌ಗೆ ಕೊನೆ ತನಕ ಮುಜುಗರ.

ಪೇಪರ್ ಮುಚ್ಚಿಸಿದ್ದೂ ಇದೇ ಲಿಂಕನ್

ಇದನ್ನ ಲಿಂಕನ್ ಫ್ಯಾನ್‌ಗಳು ಹೇಳಲ್ಲ. 1864ರ ಮೇನಲ್ಲಿ ನ್ಯೂಯಾರ್ಕ್ ವರ್ಲ್ಡ್ ಮತ್ತು ಜರ್ನಲ್ ಆಫ್ ಕಾಮರ್ಸ್‌ನಲ್ಲಿ ಪ್ರೆಸಿಡೆಂಟ್ ಹೆಸರಲ್ಲಿ ಒಂದು ಘೋಷಣೆ ಬಂತು, ಇನ್ನೂ 400,000 ಜನರನ್ನ ಸೇನೆಗೆ ಕರೀತಿದೀವಿ ಅಂತ. ಪೂರ್ತಿ ಸುಳ್ಳು. ಷೇರು, ಚಿನ್ನದ ಮಾರ್ಕೆಟಲ್ಲಿ ಆಟ ಆಡೋಕೆ ಜೋಸೆಫ್ ಹೋವರ್ಡ್ ಅನ್ನೋ ಪತ್ರಕರ್ತ ಮಾಡಿದ ನಕಲಿ. ಲಿಂಕನ್ ತಾನೇ ಸಹಿ ಮಾಡಿ ಎರಡೂ ಪೇಪರ್‌ಗೆ ಸೈನಿಕರನ್ನ ಕಳಿಸಿ ಮುಚ್ಚಿಸಿದ, ಪೇಪರ್‌ನವರೂ ಮೋಸ ಹೋಗಿದ್ರು ಅಂತ ಗೊತ್ತಾದ್ಮೇಲೆ ಕೆಲವೇ ದಿನದಲ್ಲಿ ಬಿಟ್ಟ. ಈ ಹೋವರ್ಡ್ ಸಾಮಾನ್ಯದವನಲ್ಲ, 1861ರಲ್ಲಿ ಲಿಂಕನ್ ಕೊಲೆ ಭಯಕ್ಕೆ ಬಾಲ್ಟಿಮೋರ್ ದಾಟುವಾಗ ಸ್ಕಾಟ್ಲೆಂಡ್ ಟೋಪಿ, ಉದ್ದ ನಿಲುವಂಗಿ ಹಾಕ್ಕೊಂಡು ವೇಷ ಮರೆಸಿ ಹೋದ ಅಂತ ಕಟ್ಟುಕಥೆ ಬರೆದವನೂ ಇವನೇ. ಕಾರ್ಟೂನಿಸ್ಟ್‌ಗಳು ಆ ಟೋಪಿನ ವರ್ಷಗಟ್ಟಲೆ ಬಿಡಲಿಲ್ಲ.

ವ್ಯತ್ಯಾಸ ನೋಡಿ. ಟೋಪಿ ಸುಳ್ಳು ಸಹಿಸಿದ, ಸೇನಾ ಭರ್ತಿ ಸುಳ್ಳು ಸಹಿಸಲಿಲ್ಲ. ಮುಚ್ಚಿಸಿದ್ದು ಗೇಲಿಗಲ್ಲ, ನಕಲಿ ಸರ್ಕಾರಿ ಆದೇಶಕ್ಕೆ. ಹಂಗಂತ ಇದು ಸರಿ ಅಂತಲ್ಲ, ಕೋರ್ಟ್ ಇಲ್ಲದೆ ಸೈನ್ಯ ಕಳಿಸಿ ಪ್ರೆಸ್ ಮುಚ್ಚೋದು ಅಧಿಕಾರದ ದುರುಪಯೋಗ ಅಂತ ಆಗಲೇ ಜನ ಹೇಳಿದ್ರು. ಫಲ ಏನಾಯ್ತು? ಮುಚ್ಚಿಸ್ಕೊಂಡ ವರ್ಲ್ಡ್ ಪೇಪರೇ ನಾಲ್ಕು ತಿಂಗಳಾದ್ಮೇಲೆ ಆಂಟೀಟಮ್ ಹಾಡಿನ ಆರೋಪ ಹೊತ್ತು ಬಂತು, ಈ ಸಲ ಅದನ್ನ ಯಾರೂ ಮುಟ್ಟಲಿಲ್ಲ.

ಬಣ್ಣದ ವಿಷಯಕ್ಕೆ ಬಂದಾಗ

ಆಗಿನ ಹಾಸ್ಯದಲ್ಲಿ ಕರಿಯರು ಬಹುತೇಕ ನಗೆಪಾಟಲಿನ ವಸ್ತು. ವಾರ್ಡ್ ಬರಹಗಳಲ್ಲೂ ಅದಿದೆ, ಲಿಂಕನ್‌ಗೂ ಮುಖಕ್ಕೆ ಮಸಿ ಬಳ್ಕೊಂಡು ಕುಣಿಯೋ ಶೋಗಳ ಹಾಡು ಇಷ್ಟ ಇತ್ತು. ವಿರೋಧಿಗಳ ಕಡೆ ಇನ್ನೂ ಕೆಟ್ಟದಾಗಿತ್ತು. 1863ರ ಕೊನೆಗೆ ಬಿಳಿಯರು ಕರಿಯರು ಮದುವೆಯಾಗಿ ಬೆರೀಬೇಕು ಅಂತ ಹೊಗಳೋ ಒಂದು ಪುಸ್ತಿಕೆ ಬಂತು, ರಿಪಬ್ಲಿಕನ್‌ಗಳೇ ಬರೆದಿದ್ದು ಅನ್ನೋ ಥರ. ಬರೆದವರು ಅದೇ ನ್ಯೂಯಾರ್ಕ್ ವರ್ಲ್ಡ್‌ನ ಡೇವಿಡ್ ಕ್ರೋಲಿ ಮತ್ತು ಜಾರ್ಜ್ ವೇಕ್‌ಮನ್. ಗುಲಾಮಗಿರಿ ವಿರೋಧಿ ನಾಯಕರಿಗೆ ಕಳಿಸಿ ಹೊಗಳಿಕೆ ಗಿಟ್ಟಿಸಿ, ಅದನ್ನೇ ತೋರಿಸಿ ಬಿಳಿ ಮತದಾರರನ್ನ ಹೆದರಿಸೋ ಪ್ಲಾನು. ಇವತ್ತಿನ ಫೇಕ್ ಸ್ಕ್ರೀನ್‌ಶಾಟ್ ರಾಜಕೀಯಕ್ಕೂ ಇದಕ್ಕೂ ಟೆಕ್ನಾಲಜಿ ಬಿಟ್ಟು ಏನೂ ವ್ಯತ್ಯಾಸ ಇಲ್ಲ.

ನ್ಯಾಸ್ಬಿ ಇಲ್ಲಿ ಬೇರೆ ದಾರಿ ಹಿಡಿದ, ಕರಿಯರ ಬಗ್ಗೆ ಅಸಹ್ಯ ಮಾತಾಡೋನೇ ನಗೆಪಾಟಲು ಆಗೋ ಹಂಗೆ ಬರೆದ. ಆದ್ರೂ ಆ ಅಸಹ್ಯ ಪದಗಳು ಪುಟದ ಮೇಲೆ ಇದ್ದೇ ಇವೆ, ವ್ಯಂಗ್ಯ ಅರ್ಥ ಆಗದವನು ಓದಿದ್ರೆ ಅದು ಬರೀ ಬೈಗುಳ. ಲಿಂಕನ್ ಕೊಲೆ ಆದ್ಮೇಲೆ ಆಂಡ್ರ್ಯೂ ಜಾನ್ಸನ್ ಪ್ರೆಸಿಡೆಂಟ್ ಆಗಿ ದಕ್ಷಿಣದ ಹಳೇ ಯಜಮಾನರ ಕಡೆ ವಾಲಿದಾಗ, ಲಾಕ್ ನ್ಯಾಸ್ಬಿಗೆ ಕೊನೆಗೂ ಜಾನ್ಸನ್ ಕೈಲೇ ಕೆಂಟಕಿಯ ಹಳ್ಳಿಯೊಂದರ ಪೋಸ್ಟ್‌ಮಾಸ್ಟರ್ ಕೆಲಸ ಕೊಡಿಸಿದ, 1866ರ ಜಾನ್ಸನ್‌ನ ಭಾಷಣ ಪ್ರವಾಸಕ್ಕೂ ಕಳಿಸಿದ. ಒಬ್ಬ ಪ್ರೆಸಿಡೆಂಟ್ ದಿಂಬಿನ ಪಕ್ಕ ಇದ್ದ ಬರಹ ಮುಂದಿನ ಪ್ರೆಸಿಡೆಂಟ್‌ಗೆ ಮುಳ್ಳಾಯ್ತು. ಹಾಸ್ಯಗಾರ ನಮ್ಮವನೇ ಅಂತ ಯಾವ ಸರ್ಕಾರನೂ ನಂಬ್ಕೊಂಡು ಕೂರೋ ಹಂಗಿಲ್ಲ.

ಈಗಿನದಕ್ಕೆ ಹೋಲಿಸಿದ್ರೆ

1860ರ ದಶಕದಲ್ಲಿ ಮೂರು ಬೇರೆ ಬೇರೆ ಜಾಗ ಇದ್ವು. ಲೀಡರ್ ಜೋಕ್ ರೂಮಲ್ಲಿ, ಇಲ್ಲ ಒಬ್ಬ ಜನರಲ್‌ಗೆ ಹೋಗೋ ಕಾಗದದಲ್ಲಿ. ಲೀಡರ್ ಮೇಲಿನ ಜೋಕ್ ಪೇಪರಲ್ಲಿ. ಸರ್ಕಾರದ ಆದೇಶ ಒಣ ಕಾಗದದಲ್ಲಿ. ಮೂರೂ ಅಕ್ಕಪಕ್ಕ ಇದ್ರೂ ಬೆರೀತಿರಲಿಲ್ಲ, ಓದೋನಿಗೆ ಯಾವುದು ಆದೇಶ, ಯಾವುದು ಗೇಲಿ ಅನ್ನೋದು ಗೊತ್ತಾಗ್ತಿತ್ತು. ಈಗ ಸರ್ಕಾರದ ಅಕೌಂಟೇ ಮೀಮ್ ಹಾಕುತ್ತೆ, ಮೂರೂ ಒಂದೇ ಪೋಸ್ಟಲ್ಲಿ ಬರುತ್ತೆ. ಟೀಕೆ ಬಂದ್ರೆ ಅಯ್ಯೋ ತಮಾಷೆ ಅಷ್ಟೇ ಅನ್ನಬಹುದು, ಬೆಂಬಲಿಗರಿಗೆ ಇದೇ ನಮ್ಮ ಪಾಲಿಸಿ ಅನ್ನಬಹುದು, ಎರಡೂ ಬಾಯಿ ಒಂದೇ ಮುಖಕ್ಕೆ.

ಎರಡನೇದು ಏಟು ಬೀಳೋ ಜಾಗ. ಮೆಕ್ಲೆಲನ್‌ಗೆ ಒಂದು ಸೈನ್ಯ ಇತ್ತು, ಆಮೇಲೆ ಎಲೆಕ್ಷನ್‌ಗೂ ನಿಂತ. ಕೈಕೋಳದಲ್ಲಿ ಅಳ್ತಿರೋ ಹೆಂಗಸಿಗೆ ವಾಪಸ್ ಜೋಕ್ ಹೇಳೋ ಅಕೌಂಟ್ ಇಲ್ಲ. ಆಕೆ ಮೇಲೆ ಕೇಸಿದ್ರೆ ಅದಕ್ಕೆ ಕೋರ್ಟಿದೆ, ಶಿಕ್ಷೆ ಜೊತೆ ಗೇಲಿನೂ ಸರ್ಕಾರದ ಕೆಲಸನಾ ಅನ್ನೋದು ಪ್ರಶ್ನೆ. ಸಮರ್ಥಿಸೋರು ಹೇಳೋದು, ಇವತ್ತಿನ ಜನ ಪ್ರೆಸ್ ನೋಟ್ ಓದಲ್ಲ, ಮೀಮ್ ಆದ್ರೆ ಸಂದೇಶ ಮುಟ್ಟುತ್ತೆ ಅಂತ. ಮುಟ್ಟುತ್ತೆ, ನ್ಯಾಸ್ಬಿ ಮುಟ್ಟಿದ್ದೂ ಹಂಗೇ, ಆದ್ರೆ ನ್ಯಾಸ್ಬಿ ಬರೆದ ಲಾಕ್‌ಗೆ ಯಾರನ್ನೂ ಅರೆಸ್ಟ್ ಮಾಡೋ ಅಧಿಕಾರ ಇರಲಿಲ್ಲ. ಝೆಲೆನ್‌ಸ್ಕಿ ವಿಷಯ ಇದರ ಜೊತೆ ಸೇರಿಸೋದೇ ತಪ್ಪು, ಅವರು ನಗಿಸೋದು ಕಸುಬಾಗಿದ್ದಾಗ ಅಧಿಕಾರ ಇರಲಿಲ್ಲ.

ಮೂರನೇದು, ಬಾಯಿ ಮುಚ್ಚಿಸೋ ವಿಧಾನ ಬದಲಾಗಿದೆ, ಮುಂದೆ ಹೆಚ್ಚು ಪರಿಣಾಮ ಆಗೋದು ಇದರಿಂದ ಅನ್ಸುತ್ತೆ. 1864ರಲ್ಲಿ ಸೈನಿಕರು ಬಂದ್ರು, ಎಲ್ಲರಿಗೂ ಕಾಣಿಸ್ತು, ಯಾರು ಸಹಿ ಮಾಡಿದ್ರು ಅಂತ ಗೊತ್ತಿತ್ತು, ಬೈಯೋಕೆ ಒಂದು ಹೆಸರಿತ್ತು. 2025ರಲ್ಲಿ ಆದೇಶನೇ ಇಲ್ಲ. ಎಫ್‌ಸಿಸಿ ಅಧ್ಯಕ್ಷರು ಒಂದು ಪಾಡ್‌ಕಾಸ್ಟಲ್ಲಿ ಮಾತಾಡಿದ್ರು ಅಷ್ಟೇ, ಲೈಸೆನ್ಸ್ ಇರೋದು ಲೋಕಲ್ ಸ್ಟೇಷನ್‌ಗಳಿಗೆ, ಆ ಸ್ಟೇಷನ್ ಗ್ರೂಪ್‌ಗಳಲ್ಲಿ ಒಂದಕ್ಕೆ ಆ ಹೊತ್ತಲ್ಲೇ ದೊಡ್ಡ ಖರೀದಿಗೆ ಅದೇ ಎಫ್‌ಸಿಸಿಯ ಒಪ್ಪಿಗೆ ಬೇಕಾಗಿತ್ತು, ಅವರು ಶೋ ಹಾಕಲ್ಲ ಅಂದ್ರು, ಚಾನೆಲ್ ನಿಲ್ಲಿಸ್ತು. ಪ್ರತಿಯೊಬ್ಬರೂ ಇದು ನಮ್ಮ ಬಿಸಿನೆಸ್ ತೀರ್ಮಾನ ಅನ್ನಬಹುದು. ಕಿಮ್ಮೆಲ್‌ಗೆ ಹೆಸರಿತ್ತು, ಗಲಾಟೆ ಆಯ್ತು, ವಾಪಸ್ ಬಂದ್ರು. ಅಷ್ಟು ಹೆಸರಿಲ್ಲದ ಕಾಮಿಡಿ ರೈಟರ್ ಬರೆದ ಸಾಲು ಮಾತ್ರ ಇನ್ಮೇಲೆ ಟೀವಿಗೆ ಬರೋ ಮುಂಚೆ ಕಂಪನಿ ಲಾಯರ್ ಮೇಜಿಗೆ ಹೋಗುತ್ತೆ, ಅಲ್ಲಿ ಕಟ್ ಆದ್ರೆ ಹಂಗೊಂದು ಜೋಕ್ ಇತ್ತು ಅನ್ನೋದೂ ಹೊರಗೆ ಯಾರಿಗೂ ಗೊತ್ತಾಗಲ್ಲ.